ಶಂಕರ ಭಟ್ಟರು ಲೋಕದ ಭಾಷೆಗಳಿಗೆ ಕೇಳಿದ ಪ್ರಶ್ನೆಗಳು

ಪ್ರಶ್ನೆ: ನಾನು ಹೈಸ್ಕೂಲಿನಲ್ಲಿ ಕನ್ನಡ ಪಾಠ ಮಾಡುತ್ತೇನೆ. ಭಾಷಾವಿಜ್ಞಾನಿ ಡಿ.ಎನ್. ಶಂಕರ ಭಟ್ ಎಂದರೆ ನಮ್ಮ ಸ್ಟಾಫ್ ರೂಮಿನಲ್ಲಿ ಎಲ್ಲರಿಗೂ ನೆನಪಾಗುವುದು ಕನ್ನಡ ಬರವಣಿಗೆಗೆ ಖ, ಘ, ಭ ಥರದ ‘ಮಹಾಪ್ರಾಣ ಬೇಡ’ ಎಂಬ ಜಗಳ ಮಾತ್ರ. ಆದರೆ ಪ್ರಪಂಚದ ಭಾಷೆಗಳ ವ್ಯಾಕರಣವನ್ನು ಹೋಲಿಸಿ ಅವರು ಇಂಗ್ಲಿಷಿನಲ್ಲಿ ಬರೆದ ಪುಸ್ತಕಗಳಿಗೆ ಹೊರಗೆ ದೊಡ್ಡ ಹೆಸರಿದೆಯಂತೆ. ಅವುಗಳಲ್ಲಿ ಏನಿದೆ? ಅಷ್ಟೊಂದು ಭಾಷೆಗಳನ್ನು ಕಲಿಯದೆ ಹೋಲಿಸುವುದು ಹೇಗೆ? ನನ್ನಂಥವರು ಎಲ್ಲಿಂದ ಓದಲು ಶುರು ಮಾಡಬೇಕು?

ಉತ್ತರ: ಮೇಷ್ಟ್ರೇ, ನಾಳೆ ತರಗತಿಗೆ ಹೋದಾಗ ಬೋರ್ಡಿನ ಮೇಲೆ ಮೂರು ಕಂಬ ಎಳೆಯಿರಿ. ಮೊದಲನೆಯದರಲ್ಲಿ ಅವನು, ಅಲ್ಲಿ, ಆಗ, ಅಷ್ಟು, ಹಾಗೆ, ಅಂಥ ಎಂದು ಬರೆಯಿರಿ. ಉಳಿದ ಎರಡನ್ನು ಮಕ್ಕಳೇ ತುಂಬುತ್ತಾರೆ. ಇವನು, ಇಲ್ಲಿ, ಈಗ, ಇಷ್ಟು, ಹೀಗೆ, ಇಂಥ. ಯಾವನು, ಎಲ್ಲಿ, ಯಾವಾಗ, ಎಷ್ಟು, ಹೇಗೆ, ಎಂಥ. ಒಂದು ಮನೆಯೂ ಖಾಲಿ ಉಳಿಯುವುದಿಲ್ಲ. ಈಗ ‘ನಾನು’, ‘ನೀನು’ ಇವನ್ನು ಎಲ್ಲಿ ಕೂರಿಸುವುದು ಎಂದು ಕೇಳಿ. ಮಕ್ಕಳು ತಲೆ ಕೆರೆದುಕೊಳ್ಳುತ್ತಾರೆ. ಆ ಕೋಷ್ಟಕದಲ್ಲಿ ಅವಕ್ಕೆ ಜಾಗವೇ ಇಲ್ಲ.

ಆದರೂ ನಮ್ಮ ವ್ಯಾಕರಣ ಪುಸ್ತಕ ನಾನು, ನೀನು, ಅವನು, ಯಾರು ಎಲ್ಲವನ್ನೂ ‘ಸರ್ವನಾಮ’ ಎಂಬ ಒಂದೇ ಗೋಣಿಚೀಲಕ್ಕೆ ತುಂಬುತ್ತದೆ. ಇವೆಲ್ಲ ನಿಜವಾಗಿಯೂ ಒಂದೇ ಜಾತಿಯವೇ? ಶಂಕರ ಭಟ್ಟರ ‘ಪ್ರೊನೌನ್ಸ್’ ಎಂಬ ಪುಸ್ತಕದ ಬೇರು ಈ ಒಂದು ಪ್ರಶ್ನೆ. 2004ರಲ್ಲಿ ಆಕ್ಸ್‌ಫರ್ಡ್ ಯೂನಿವರ್ಸಿಟಿ ಪ್ರೆಸ್ ಅದನ್ನು ಪ್ರಕಟಿಸಿತು. ಅವರ ಬೇರೆ ಪುಸ್ತಕಗಳೂ ಹೀಗೆಯೇ. ಪ್ರತಿಯೊಂದೂ ಯಾರೂ ಅನುಮಾನ ಪಡದ ಒಂದು ವ್ಯಾಕರಣದ ಹೆಸರನ್ನು ಹಿಡಿದು ನಿಲ್ಲಿಸುತ್ತದೆ. ಇದು ಎಲ್ಲ ಭಾಷೆಗಳಲ್ಲೂ ಇದೆಯಾ? ಅಥವಾ ಒಂದು ಭಾಷೆಯ ಅಚ್ಚನ್ನು ತಂದು ಇನ್ನೊಂದರ ಮೇಲೆ ಒತ್ತಿದ್ದೇವಾ?

ಈ ಅಚ್ಚಿನ ವಿಷಯ ಇಡೀ ಉತ್ತರದಲ್ಲಿ ಬರುತ್ತಿರುತ್ತದೆ. ಅದಕ್ಕೇ ಮೊದಲು ನಿಮ್ಮ ಎರಡನೇ ಪ್ರಶ್ನೆಗೆ ಬರುತ್ತೇನೆ.

ನೂರಾರು ಭಾಷೆಗಳನ್ನು ಕಲಿತು ಯಾರೂ ಹೋಲಿಸುವುದಿಲ್ಲ. ಅದು ಆಗುವ ಮಾತೂ ಅಲ್ಲ. ಬೇರೆಯವರು ಬರೆದ ವ್ಯಾಕರಣಗಳನ್ನು ಓದುತ್ತಾರೆ. ಬೇರೆ ಬೇರೆ ಕುಟುಂಬದ, ಬೇರೆ ಬೇರೆ ಖಂಡದ ಭಾಷೆಗಳನ್ನು ಆರಿಸಿಕೊಂಡು ಎಲ್ಲಕ್ಕೂ ಒಂದೇ ಪ್ರಶ್ನೆ ಹಾಕುತ್ತಾರೆ. ಈ ದಾರಿಯನ್ನು ಜನಪ್ರಿಯ ಮಾಡಿದ್ದು ಅಮೆರಿಕದ ಭಾಷಾವಿಜ್ಞಾನಿ ಜೋಸೆಫ್ ಗ್ರೀನ್‌ಬರ್ಗ್. 1963ರಲ್ಲಿ ಪ್ರಕಟವಾದ ಒಂದು ಪ್ರಬಂಧದಲ್ಲಿ ಅವರು 30 ಭಾಷೆಗಳನ್ನು ಮುಂದಿಟ್ಟುಕೊಂಡು 45 ಸಾರ್ವತ್ರಿಕ ಲಕ್ಷಣಗಳನ್ನು ಪಟ್ಟಿ ಮಾಡಿದರು. ಕ್ರಿಯಾಪದ ಕೊನೆಗೆ ಬರುವ ಭಾಷೆಗಳಲ್ಲಿ ‘ಮೇಲೆ’, ‘ಒಳಗೆ’ ಥರದ ಪದಗಳು ಸಾಮಾನ್ಯವಾಗಿ ಹೆಸರಿನ ಆಮೇಲೆ ಬರುತ್ತವೆ ಎನ್ನುವುದು ಅದರಲ್ಲೊಂದು. ‘ಮೇಜಿನ ಮೇಲೆ’ ಅನ್ನುತ್ತೇವೆ, ‘ಮೇಲೆ ಮೇಜಿನ’ ಅನ್ನುವುದಿಲ್ಲವಲ್ಲ, ಹಾಗೆ. ಅಂದ ಹಾಗೆ, ಆ 30ರಲ್ಲಿ ಕನ್ನಡವೂ ಇತ್ತು. ದ್ರಾವಿಡ ಭಾಷೆಗಳ ಪರವಾಗಿ ಅಲ್ಲಿ ನಿಂತಿದ್ದು ತಮಿಳಲ್ಲ, ತೆಲುಗಲ್ಲ, ಕನ್ನಡ. ಇದನ್ನು ಹೇಳುವಾಗ ನನಗೆ ಸುಮ್ನೆ ಒಂದು ಖುಷಿ.

ಗ್ರೀನ್‌ಬರ್ಗ್ ನಡೆಸುತ್ತಿದ್ದ ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದ ಯೋಜನೆಗೂ ನಮ್ಮ ಭಟ್ಟರಿಗೂ ನೇರ ನಂಟಿದೆ. 1970ರ ದಶಕದಲ್ಲಿ ಅದರ ಪ್ರಕಟಣೆಗಳಲ್ಲಿ ಅವರು ಧ್ವನಿಗಳ ಬಗ್ಗೆ ಬರೆದರು. ಟ, ಡ, ಣ, ಳ ಥರದ, ನಾಲಿಗೆ ಮಡಚಿ ಹೇಳುವ ಧ್ವನಿಗಳ ಮೇಲೆ 1973ರಲ್ಲಿ ಒಂದು ಲೇಖನ. 1978ರಲ್ಲಿ ತಾಲವ್ಯೀಕರಣದ ಮೇಲೆ ಒಂದು ದೊಡ್ಡ ಅಧ್ಯಯನ. ಹೆಸರು ಕೇಳಿ ಹೆದರಬೇಡಿ, ವಿಷಯ ನಮ್ಮ ಪಕ್ಕದ ಮನೆಯದೇ. ನಮ್ಮ ‘ಕಿವಿ’ ತಮಿಳಿನಲ್ಲಿ ‘ಚೆವಿ’. ನಮ್ಮ ‘ಕೆಡು’ ತೆಲುಗಿನಲ್ಲಿ ‘ಚೆಡು’. ಇ, ಎ ಸ್ವರಗಳ ಮುಂದೆ ಅವರ ಕಕಾರ ಚಕಾರವಾಯಿತು, ನಮ್ಮದು ಹಾಗೇ ಉಳಿಯಿತು. ಪ್ರಪಂಚದ ತುಂಬ ಇಂಥ ಬದಲಾವಣೆ ನಡೆಯುತ್ತದೆ. ಅದಕ್ಕೆಲ್ಲ ಒಂದೇ ಹೆಸರು ಕೊಟ್ಟಿದ್ದರು. ಭಟ್ಟರು ಬೇರೆ ಬೇರೆ ಭಾಷೆಗಳ ಉದಾಹರಣೆ ಗುಡ್ಡೆ ಹಾಕಿ, ಇದು ಒಂದು ಕೆಲಸವಲ್ಲ, ಮೂರು ಎಂದು ತೋರಿಸಿದರು. ನಾಲಿಗೆ ಮುಂದಕ್ಕೆ ಬರುವುದು ಒಂದು, ನಾಲಿಗೆ ಮೇಲಕ್ಕೇರುವುದು ಒಂದು, ಉಸಿರು ಉಜ್ಜಿಕೊಂಡು ಬರುವುದು ಇನ್ನೊಂದು. ಮೂರೂ ಒಂಟಿಯಾಗಿಯೂ ನಡೆಯಬಹುದು, ಜೊತೆಯಾಗಿಯೂ ನಡೆಯಬಹುದು. ಒಂದು ಹೆಸರಿನ ಕೆಳಗೆ ಎಷ್ಟು ಬೇರೆ ವಸ್ತುಗಳಿವೆ ಎಂದು ಬಿಚ್ಚಿ ನೋಡುವ ಅವರ ಚಾಳಿ ಇಲ್ಲೇ ಕಾಣುತ್ತದೆ.

ಆದರೆ ಬೇರೆಯವರ ವ್ಯಾಕರಣಗಳನ್ನು ನಂಬಿ ಹೋಲಿಸುವುದರಲ್ಲಿ ಒಂದು ಹಳ್ಳ ಇದೆ. ಯಾವುದೋ ಕಾಡಿನ ಭಾಷೆಗೆ ವ್ಯಾಕರಣ ಬರೆದವನ ತಲೆಯಲ್ಲಿ ಲ್ಯಾಟಿನ್ ಕೂತಿದ್ದರೆ ಆ ಭಾಷೆಯಲ್ಲೂ ಲ್ಯಾಟಿನ್ನಿನ ವಿಭಕ್ತಿಗಳೇ ಕಾಣಿಸುತ್ತವೆ. ಅದನ್ನು ಓದಿ ‘ನೋಡಿ, ಎಲ್ಲ ಭಾಷೆಗಳೂ ಒಂದೇ’ ಎಂದರೆ ಕನ್ನಡಿ ನೋಡಿಕೊಂಡು ಎದುರಿಗೆ ಜನ ಇದ್ದಾರೆ ಅಂದ ಹಾಗೆ. ಭಟ್ಟರಿಗೆ ಈ ಹಳ್ಳ ಚೆನ್ನಾಗಿ ಗೊತ್ತಿತ್ತು. ಹೋಲಿಸುವ ಕೆಲಸದ ಜೊತೆಗೆ ಅವರೇ ವ್ಯಾಕರಣ ಬರೆದವರು. ಪುಣೆಯ ಡೆಕ್ಕನ್ ಕಾಲೇಜಿನಿಂದ 1967ರಲ್ಲಿ ಅವರ ತುಳು ವಿವರಣೆ ಬಂತು. 1971ರಲ್ಲಿ ಕೊರಗ ಭಾಷೆಯ ಪುಸ್ತಕ. ಹವ್ಯಕ ಕನ್ನಡದ ಬಗ್ಗೆ ಬರೆದರು. ಈಶಾನ್ಯದ ಬೋಡೊ, ತಾಂಗ್‌ಖುಲ್ ನಾಗಾ ಭಾಷೆಗಳ ಪದಗಳನ್ನು ಸಂಗ್ರಹಿಸಿದರು. ನಿಂಗೊಂಬಾ ಅವರ ಜೊತೆ ಸೇರಿ 1997ರಲ್ಲಿ ಮಣಿಪುರಿ ವ್ಯಾಕರಣ ತಂದರು. ದ್ರಾವಿಡ ಒಂದು ಕಡೆ, ಟಿಬೆಟೊ-ಬರ್ಮನ್ ಇನ್ನೊಂದು ಕಡೆ, ಓದಿದ ಸಂಸ್ಕೃತ ನಡುವೆ. ಮೂರು ಕುಟುಂಬಗಳನ್ನು ಹತ್ತಿರದಿಂದ ಬಲ್ಲವರಿಗೆ ಯಾವ ಹೆಸರು ಎಲ್ಲಿ ಒಗ್ಗುವುದಿಲ್ಲ ಎನ್ನುವುದು ಬೇಗ ಗೊತ್ತಾಗುತ್ತದೆ. ಇಂಗ್ಲಿಷ್ ಮತ್ತು ಫ್ರೆಂಚ್ ಮಾತ್ರ ಬಲ್ಲ ಪಂಡಿತರಿಗೆ ಈ ಅನುಕೂಲ ಇರಲಿಲ್ಲ.

ಈಗ ನಿಮ್ಮ ಬೋರ್ಡಿಗೆ ವಾಪಸ್ ಹೋಗೋಣ.

‘ಅವನು’, ‘ಎಲ್ಲಿ’, ‘ಇಷ್ಟು’ ಇವುಗಳಲ್ಲಿ ಎರಡೆರಡು ಭಾಗ ಇದೆ. ಒಂದು ಭಾಗ ಅ, ಇ, ಎ ಅಥವಾ ಯಾ. ಅದು ದೂರದ್ದೋ ಹತ್ತಿರದ್ದೋ ಗೊತ್ತಿಲ್ಲದ್ದೋ ಎಂದು ಹೇಳುತ್ತದೆ. ಇನ್ನೊಂದು ಭಾಗ ಅದು ಆಳೋ ಜಾಗವೋ ಹೊತ್ತೋ ಅಳತೆಯೋ ಎಂದು ಹೇಳುತ್ತದೆ. ‘ನಾನು’ ಪದದಲ್ಲಿ ಹೀಗೆ ಒಡೆಯಲು ಏನೂ ಇಲ್ಲ. ಅದರ ಕೆಲಸವೂ ಬೇರೆ. ‘ಅವನು’ ಒಬ್ಬ ಮನುಷ್ಯನನ್ನು ತೋರಿಸುತ್ತದೆ. ‘ನಾನು’ ತೋರಿಸುವುದು ಒಂದು ಪಾತ್ರವನ್ನು. ಈ ಮಾತಿನಲ್ಲಿ ಮಾತಾಡುವ ಪಾತ್ರ ಯಾರದೋ ಅವರೇ ‘ನಾನು’. ಬಯಲಾಟದ ಕಿರೀಟ ಇದ್ದ ಹಾಗೆ, ಯಾರ ತಲೆ ಮೇಲಿದೆಯೋ ಅವನೇ ಆ ಹೊತ್ತಿನ ರಾಜ. ನೀವು ಉತ್ತರ ಕೊಡಲು ಬಾಯಿ ತೆರೆದ ತಕ್ಷಣ ಕಿರೀಟ ನಿಮ್ಮ ತಲೆಗೆ ಬರುತ್ತದೆ.

ಇದಕ್ಕೆ ಸಾಕ್ಷಿ ಬಹುವಚನದಲ್ಲಿದೆ. ‘ಮರಗಳು’ ಎಂದರೆ ಮರ, ಮರ, ಮರ. ‘ನಾವು’ ಎಂದರೆ ನಾನು, ನಾನು, ನಾನು ಅಲ್ಲ. ನನ್ನ ಜೊತೆಗೆ ಬೇರೆ ಯಾರೋ. ಆ ಬೇರೆಯವರಲ್ಲಿ ಕೇಳುವವರು ಸೇರಿದ್ದಾರೋ ಇಲ್ಲವೋ ಎಂಬ ಪ್ರಶ್ನೆ ಅಲ್ಲೇ ಹುಟ್ಟುತ್ತದೆ. ತುಳುವಿನಲ್ಲಿ ಇದಕ್ಕೆ ಎರಡು ಪದ. ‘ನಮ’ ಎಂದರೆ ನೀವೂ ಸೇರಿ ನಾವು. ‘ಎಂಕುಲು’ ಎಂದರೆ ನಿಮ್ಮನ್ನು ಬಿಟ್ಟು ನಾವು. ತೆಲುಗಿನಲ್ಲಿ ‘ಮನಮು’, ‘ಮೇಮು’ ಇವೆ. ನಮ್ಮ ಇವತ್ತಿನ ಬರಹದ ಕನ್ನಡದಲ್ಲಿ ಎರಡಕ್ಕೂ ಒಂದೇ ‘ನಾವು’. ‘ನಾವು ನಾಳೆ ಸಿನಿಮಾಗೆ ಹೋಗ್ತಿದೀವಿ’ ಎಂದು ಗೆಳೆಯ ಹೇಳಿದಾಗ ನಮ್ಮನ್ನೂ ಕರೆದನೋ ಇಲ್ಲವೋ ತಿಳಿಯದೆ ಪೆಚ್ಚಾಗುವುದು ಅದಕ್ಕೇ.

ಇಲ್ಲಿಂದ ಭಟ್ಟರು ಒಂದು ಹೆಜ್ಜೆ ಮುಂದೆ ಹೋಗುತ್ತಾರೆ. ಭಾಷೆಗಳಲ್ಲಿ ಎರಡು ಬಗೆ ಇದೆ ಎನ್ನುತ್ತಾರೆ. ಒಂದು ಬಗೆಯಲ್ಲಿ ನಾನು, ನೀನು ಎರಡೇ ಒಂದು ಗುಂಪು. ‘ಅವನು’ ತೋರುವ ಪದಗಳ ಗುಂಪಿಗೆ ಸೇರುತ್ತಾನೆ. ಕನ್ನಡ ಹೀಗಿದೆ. ‘ಆ’ ಮನೆಯ ‘ಆ’ ಮತ್ತು ‘ಅವನು’ ಪದದ ‘ಅ’ ಒಂದೇ ತಾಯಿಯ ಮಕ್ಕಳು. ಇನ್ನೊಂದು ಬಗೆಯಲ್ಲಿ ಮೂರೂ ಒಂದೇ ಗುಂಪು. ಇಂಗ್ಲಿಷಿನ ‘ಹೀ’ಗೂ ‘ದಟ್’ಗೂ ಇವತ್ತು ನಂಟು ಕಾಣುವುದಿಲ್ಲ. ಹಾಗಾದರೆ ‘ಮೂರು ಪುರುಷಗಳು’ ಎಂಬ ಪಾಠ ಎಲ್ಲ ಭಾಷೆಗೂ ಸಹಜವಲ್ಲ ಎಂದಾಯಿತು. ನೀವು ವರ್ಷಾ ವರ್ಷ ಮಾಡುವ ಪಾಠವೇ ಇದು, ಅಲ್ವಾ? ‘ಅವನು’ ಪ್ರಥಮ ಪುರುಷ, ‘ನಾನು’ ಉತ್ತಮ ಪುರುಷ ಎಂದು ಮಕ್ಕಳಿಗೆ ಉರು ಹೊಡೆಸುವುದು. ಇಂಗ್ಲಿಷ್ ಮೇಷ್ಟ್ರು ಮುಂದಿನ ಪೀರಿಯಡ್‌ನಲ್ಲಿ ಬಂದು ‘ನಾನು’ ಫಸ್ಟ್ ಪರ್ಸನ್ ಅನ್ನುತ್ತಾರೆ. ಪಾಪ, ಮಕ್ಕಳು.

ಇದು ಬರೀ ವಾದವಲ್ಲ, ಲೆಕ್ಕವೂ ಇದೆ. 2005ರಲ್ಲಿ ಪ್ರಪಂಚದ ಭಾಷಾರಚನೆಗಳ ಒಂದು ದೊಡ್ಡ ಅಟ್ಲಾಸ್ ಬಂತು. ಅದನ್ನು ಚುಟುಕಾಗಿ ‘ವಾಲ್ಸ್’ ಅನ್ನುತ್ತಾರೆ. ಅದರ 43ನೇ ಅಧ್ಯಾಯ ಭಟ್ಟರದ್ದು. 225 ಭಾಷೆಗಳನ್ನು ತೆಗೆದುಕೊಂಡು ‘ಅವನು’ ಥರದ ಪದಕ್ಕೂ ‘ಆ’, ‘ಈ’ ಥರದ ಪದಕ್ಕೂ ಸಂಬಂಧ ಇದೆಯೇ ಎಂದು ನೋಡಿದರು. 100 ಭಾಷೆಗಳಲ್ಲಿ ಸಂಬಂಧ ಇಲ್ಲ. 125ರಲ್ಲಿ ಒಂದಲ್ಲ ಒಂದು ರೀತಿಯ ಸಂಬಂಧ ಇದೆ. ಇಂಗ್ಲಿಷಿನ ದಾರಿಯೇ ಸಹಜ ದಾರಿ ಎಂದುಕೊಂಡವರಿಗೆ ಈ ಲೆಕ್ಕ ಸಾಕು.

ಇದೇ ಪುಸ್ತಕದಲ್ಲಿ ನನಗೆ ತುಂಬ ಇಷ್ಟವಾದ ಇನ್ನೊಂದು ಭಾಗ ‘ಯಾರು’ ಬಗ್ಗೆ ಇದೆ. ಯಾರು, ಯಾರೋ, ಯಾರೂ, ಯಾರಾದರೂ ಎಂಬ ಸಾಲನ್ನು ನೋಡಿ. ಪ್ರಶ್ನೆಯ ಪದಕ್ಕೆ ಒಂದು ಬಾಲ ಹಚ್ಚಿದರೆ ‘ಗುರುತಿಲ್ಲದ ಒಬ್ಬ’ ಎಂಬ ಅರ್ಥ ಬರುತ್ತದೆ. ಇದು ಕನ್ನಡದ ವಿಚಿತ್ರವಲ್ಲ. ಅದೇ ಅಟ್ಲಾಸಿನಲ್ಲಿ ಮಾರ್ಟಿನ್ ಹಾಸ್ಪೆಲ್ಮಾತ್ ನೋಡಿದ 326 ಭಾಷೆಗಳ ಪೈಕಿ 194ರಲ್ಲಿ ಹೀಗೇ ಇದೆ. ಯಾಕೆ? ಪ್ರಶ್ನೆ ಕೇಳುವುದಕ್ಕೂ ‘ಯಾರೋ’ ಎನ್ನುವುದಕ್ಕೂ ಏನು ಸಂಬಂಧ?

ನಾವು ತಲೆಕೆಳಗಾಗಿ ನೋಡುತ್ತಿದ್ದೇವೆ ಎನ್ನುವುದು ಭಟ್ಟರ ಉತ್ತರ. ‘ಯಾರು’ ಪದದಲ್ಲಿ ಪ್ರಶ್ನೆಯೇ ಇಲ್ಲ. ಅದು ಒಂದು ಖಾಲಿ ಜಾಗವನ್ನು ಮಾತ್ರ ತೋರಿಸುತ್ತದೆ. ಪ್ರಶ್ನೆ ಬರುವುದು ವಾಕ್ಯದಿಂದ, ಕೇಳುವ ಸಂದರ್ಭದಿಂದ. ಪರೀಕ್ಷೆ ಮಾಡಿ ನೋಡಿ. ‘ಯಾರು ಬಂದರು ಅಂತ ಗೊತ್ತಿಲ್ಲ.’ ಇಲ್ಲಿ ಯಾರೂ ಏನೂ ಕೇಳುತ್ತಿಲ್ಲ. ‘ಯಾರು ಬಂದರೂ ಬಾಗಿಲು ತೆಗೆಯಬೇಡ.’ ಇಲ್ಲೂ ಪ್ರಶ್ನೆ ಇಲ್ಲ, ಅಜ್ಜಿಯ ಕಟ್ಟಪ್ಪಣೆ ಇದೆ. ‘ಪ್ರಶ್ನಾರ್ಥಕ ಸರ್ವನಾಮ’ ಎಂಬ ಹೆಸರೇ ದಾರಿ ತಪ್ಪಿಸಿತು. ಹೆಸರು ಬಿಟ್ಟು ಪದವನ್ನು ನೋಡಿದರೆ ಒಗಟೇ ಉಳಿಯುವುದಿಲ್ಲ. ಈ ಪುಟಗಳನ್ನು ಮೊದಲ ಸಲ ಓದಿದಾಗ ನಾನು ಪುಸ್ತಕ ಮುಚ್ಚಿಟ್ಟು ಹತ್ತು ನಿಮಿಷ ಸುಮ್ಮನೆ ಕೂತಿದ್ದೆ. ಹುಟ್ಟಿದಾಗಿನಿಂದ ಆಡುವ ಪದ ಇದು, ಒಮ್ಮೆಯೂ ಹೀಗೆ ನೋಡಿರಲಿಲ್ಲ.

ಇನ್ನು ಗುಣವಾಚಕಗಳು. 1994ರಲ್ಲಿ ಬಂದ ‘ದಿ ಅಡ್ಜೆಕ್ಟಿವಲ್ ಕ್ಯಾಟಗರಿ’ ಪುಸ್ತಕದ ವಿಷಯ ಇದು. ಎಲ್ಲ ಭಾಷೆಗಳಲ್ಲೂ ಗುಣವಾಚಕ ಎಂಬ ಪದವರ್ಗ ಇದೆಯೇ? ಈ ಜಗಳ ಹಳೆಯದು. ಆಸ್ಟ್ರೇಲಿಯಾದಲ್ಲಿ ನೆಲೆಸಿ ಕೆಲಸ ಮಾಡಿದ ಭಾಷಾವಿಜ್ಞಾನಿ ಆರ್.ಎಂ.ಡಬ್ಲ್ಯು. ಡಿಕ್ಸನ್ 1977ರಲ್ಲಿ ಆಫ್ರಿಕಾದ ಇಗ್ಬೊ ಭಾಷೆಯಲ್ಲಿ ಎಂಟೇ ಗುಣವಾಚಕ ಇವೆ ಎಂದು ತೋರಿಸಿದ್ದರು. ದೊಡ್ಡ-ಸಣ್ಣ, ಹೊಸ-ಹಳೆ, ಕಪ್ಪು-ಬಿಳಿ, ಒಳ್ಳೆ-ಕೆಟ್ಟ. ಈ ಪಟ್ಟಿ ಓದಿದಾಗ ಎಲ್ಲೋ ನೋಡಿದ ಹಾಗಿದೆ ಅನ್ನಿಸಲಿಲ್ಲವೇ? ಅಚ್ಚಕನ್ನಡದ ಗುಣಪದಗಳನ್ನು ಲೆಕ್ಕ ಹಾಕಲು ಕೂತರೆ ಹೆಚ್ಚುಕಮ್ಮಿ ಇವೇ ಮೊದಲು ಬಾಯಿಗೆ ಬರುತ್ತವೆ. ಜೊತೆಗೆ ಎಳೆ, ಹಿರಿ, ಕಿರಿ ಥರದ ಕೆಲವು. ಅದರಲ್ಲೂ ‘ಕೆಟ್ಟ’ ನಿಜಕ್ಕೂ ‘ಕೆಡು’ ಎಂಬ ಕ್ರಿಯಾಪದದ ರೂಪ. ಉಳಿದದ್ದನ್ನೆಲ್ಲ ನಾವು ‘ಆದ’, ‘ಇರುವ’ ಸೇರಿಸಿ ಕಟ್ಟಿಕೊಳ್ಳುತ್ತೇವೆ. ಸುಂದರವಾದ, ಬಿಸಿಯಾದ, ರುಚಿ ಇರುವ.

ಭಟ್ಟರ ಅಳತೆಗೋಲು ಸರಳವಾಗಿದೆ. ಪ್ರತಿ ಪದವರ್ಗಕ್ಕೂ ತನ್ನದೇ ಆದ ಒಂದು ಕೆಲಸ ಇರುತ್ತದೆ. ಹೆಸರಿನ ಕೆಲಸ ಯಾರು, ಯಾವುದು ಎಂದು ಗುರುತಿಸುವುದು. ಕ್ರಿಯಾಪದದ ಕೆಲಸ ನಡೆದದ್ದನ್ನು ಹೇಳುವುದು. ಗುಣವಾಚಕದ ಕೆಲಸ ಹೆಸರಿಗೆ ಹೊಂದಿಕೊಂಡು ಅದನ್ನು ಬೇರೆಯವುಗಳಿಂದ ಬಿಡಿಸಿ ತೋರಿಸುವುದು. ತನ್ನ ಕೆಲಸ ಮಾಡುವಾಗ ಪದ ಆರಾಮಾಗಿರುತ್ತದೆ. ಬೇರೆಯವರ ಕೆಲಸಕ್ಕೆ ಹೋದಾಗ ಏನಾದರೂ ತೊಟ್ಟುಕೊಳ್ಳಬೇಕು ಅಥವಾ ಕಳಚಬೇಕು. ನೀವು ಚುನಾವಣೆ ಡ್ಯೂಟಿಗೆ ಹೋದ ಹಾಗೆ ಅನ್ನಿ. ಶಾಲೆಯಲ್ಲಿ ನಿಮಗೆ ಬ್ಯಾಡ್ಜ್ ಬೇಕಿಲ್ಲ, ಬೂತಿನಲ್ಲಿ ಬೇಕು. ‘ದೊಡ್ಡ ಮನೆ’ ಎನ್ನುವಾಗ ‘ದೊಡ್ಡ’ ಪದಕ್ಕೆ ಏನೂ ಬೇಕಿಲ್ಲ. ‘ಮನೆ ದೊಡ್ಡ’ ಎನ್ನಲು ಬರುವುದಿಲ್ಲ. ‘ಮನೆ ದೊಡ್ಡದು’ ಅನ್ನಬೇಕು, ಇಲ್ಲವೇ ‘ದೊಡ್ಡದಾಗಿದೆ’ ಅನ್ನಬೇಕು. ‘ಓಡು’ ಇದಕ್ಕೆ ಉಲ್ಟಾ. ‘ಕುದುರೆ ಓಡಿತು’ ಎಂದಾಗ ಅದು ತನ್ನ ಮನೆಯಲ್ಲಿದೆ. ‘ಓಡಿದ ಕುದುರೆ’ ಎಂದಾಗ ಲಿಂಗ, ವಚನ ಎಲ್ಲ ಕಳಚಿಟ್ಟು ಬರಬೇಕು. ಹಾಗಾಗಿ ಕನ್ನಡದಲ್ಲಿ ‘ದೊಡ್ಡ’ ಒಂದು ಬೇರೆಯೇ ವರ್ಗ. ಚಿಕ್ಕದು, ಆದರೆ ಬೇರೆ.

ಸಂಸ್ಕೃತದಲ್ಲಿ ಹಾಗಲ್ಲ. ‘ಸುಂದರಃ ಪುರುಷಃ’, ‘ಸುಂದರೀ ಸ್ತ್ರೀ’, ‘ಸುಂದರಂ ಗೃಹಮ್’. ಗುಣಪದವೂ ಹೆಸರಿನಂತೆಯೇ ಲಿಂಗ, ವಚನ, ವಿಭಕ್ತಿ ಹಚ್ಚಿಕೊಳ್ಳುತ್ತದೆ. ‘ಸುಂದರಃ’ ಒಂಟಿಯಾಗಿ ನಿಂತರೂ ‘ಚೆಲುವ’ ಎಂದು ಅರ್ಥವಾಗುತ್ತದೆ. ಅಲ್ಲಿ ಹೆಸರು ಮತ್ತು ಗುಣಪದ ಎಂದು ಎರಡು ವರ್ಗ ಮಾಡುವ ಅಗತ್ಯವೇ ಕಾಣುವುದಿಲ್ಲ. ಮಣಿಪುರಿಯದು ಮೂರನೇ ದಾರಿ. ಅಲ್ಲಿ ‘ಫ’ ಎಂದರೆ ‘ಒಳ್ಳೆಯದಾಗಿರು’ ಎಂಬ ಕ್ರಿಯಾಪದ. ಹಿಂದೆ ಮುಂದೆ ಪ್ರತ್ಯಯ ಹಚ್ಚಿ ‘ಅಫಬ’ ಮಾಡಿದರೆ ‘ಒಳ್ಳೆಯ’ ಎಂದಾಗುತ್ತದೆ. ಗುಣವೆಲ್ಲ ಅಲ್ಲಿ ಕ್ರಿಯೆಯ ಮನೆಯಲ್ಲಿ ವಾಸ.

ಈಗ ನಿಮ್ಮ ಪಠ್ಯಪುಸ್ತಕ ತೆಗೆದು ನೋಡಿ. ‘ಗುಣವಾಚಕ’ ಎಲ್ಲಿದೆ? ನಾಮಪದದ ವಿಧಗಳ ಪಟ್ಟಿಯಲ್ಲಿ. ಸಂಸ್ಕೃತಕ್ಕೆ ಅದು ಸರಿ. ಕನ್ನಡದ ‘ದೊಡ್ಡ’ ನಾಮಪದವಾಗಿದ್ದರೆ ‘ದೊಡ್ಡನ್ನು ತಾ’ ಎನ್ನಲು ಬರಬೇಕಿತ್ತು. ನಾವು ‘ದೊಡ್ಡದನ್ನು ತಾ’ ಅನ್ನುತ್ತೇವೆ. ಭಟ್ಟರು ಮುಂದೆ ಕನ್ನಡ ವ್ಯಾಕರಣ ಬರೆದಾಗ ಇದಕ್ಕೆ ‘ಪರಿಚೆಪದ’ ಎಂದು ಹೆಸರಿಟ್ಟು, ‘ಹೆಸರುಪದ’, ‘ಎಸಕಪದ’ಗಳ ಪಕ್ಕದಲ್ಲಿ ಬೇರೆಯೇ ಮಣೆ ಹಾಕಿ ಕೂರಿಸಿದರು. ಆ ಹೆಸರುಗಳು ನಿಮಗೆ ಇಷ್ಟವಾಗದೆ ಇರಬಹುದು. ಆದರೆ ಅದರ ಹಿಂದೆ ಹಲವು ಭಾಷೆಗಳ ಹೋಲಿಕೆ ಇದೆ, ಹಟ ಮಾತ್ರ ಅಲ್ಲ.

ಡಿಕ್ಸನ್ ಆಮೇಲೆ ಮನಸ್ಸು ಬದಲಿಸಿದರು. 2004ರ ಹೊತ್ತಿಗೆ, ಸರಿಯಾಗಿ ಹುಡುಕಿದರೆ ಪ್ರತಿ ಭಾಷೆಯಲ್ಲೂ ಗುಣವಾಚಕ ವರ್ಗ ಸಿಗುತ್ತದೆ ಎಂದು ವಾದಿಸಿದರು. ಹಾಗಾಗಿ ಈ ವಿಷಯ ಇನ್ನೂ ಮುಗಿದಿಲ್ಲ. ನನ್ನ ಅಭಿಪ್ರಾಯ ಕೇಳಿದರೆ, ‘ಹುಡುಕಿದರೆ ಸಿಗುತ್ತದೆ’ ಎನ್ನುವುದೇ ಸ್ವಲ್ಪ ಅನುಮಾನದ ಮಾತು. ಯಾವ ಭಾಷೆಯಲ್ಲೂ ಎರಡು ಪದಗಳ ನಡುವೆ ಒಂದು ಸಣ್ಣ ವ್ಯತ್ಯಾಸ ಸಿಕ್ಕೇ ಸಿಗುತ್ತದೆ. ಅದನ್ನೇ ಹಿಡಿದು ಹೊಸ ವರ್ಗ ಮಾಡುತ್ತಾ ಹೋದರೆ ಕೊನೆಯಿಲ್ಲ.

1991ರಲ್ಲಿ ಬಂದ ‘ಗ್ರಮ್ಯಾಟಿಕಲ್ ರಿಲೇಶನ್ಸ್’ ಇದಕ್ಕಿಂತ ಖಾರವಾದ ಪುಸ್ತಕ. ಕರ್ತೃ ಅಥವಾ ಸಬ್ಜೆಕ್ಟ್ ಎಂಬುದು ಎಲ್ಲ ಭಾಷೆಗಳಿಗೂ ಬೇಕೇ ಬೇಕು ಎನ್ನುವ ನಂಬಿಕೆಯನ್ನೇ ಅದು ಅಲುಗಾಡಿಸುತ್ತದೆ. ಹಸಿವು, ಇಷ್ಟ, ಮಕ್ಕಳು, ತಿಳಿವಳಿಕೆ, ದುಡ್ಡು ಯಾವುದರ ಬಗ್ಗೆ ಹೇಳಿದರೂ ಇಂಗ್ಲಿಷಿನವರಿಗೆ ವಾಕ್ಯದ ಮೊದಲಿಗೆ ಅದೇ ‘ಐ’ ಬೇಕು. ನಾವು ‘ನನಗೆ ಹಸಿವಾಗಿದೆ’, ‘ನನಗೆ ಕನ್ನಡ ಬರುತ್ತೆ’, ‘ನನಗೆ ಇಬ್ಬರು ಮಕ್ಕಳು’, ‘ನನ್ನ ಹತ್ತಿರ ದುಡ್ಡಿದೆ’, ‘ನನ್ನಿಂದ ಆಗಲ್ಲ’ ಎನ್ನುತ್ತೇವೆ. ಯಾರ ಪಾತ್ರ ಏನು ಎನ್ನುವುದನ್ನು ವಿಭಕ್ತಿ ಹೇಳಿಬಿಡುತ್ತದೆ. ಯಾವುದಕ್ಕೆ ಒತ್ತು ಕೊಡಬೇಕು ಎನ್ನುವುದನ್ನು ಪದಗಳ ಜಾಗ ಹೇಳುತ್ತದೆ. ‘ಆನೆ ಹುಲಿಯನ್ನು ಕೊಂದಿತು’, ‘ಹುಲಿಯನ್ನು ಆನೆ ಕೊಂದಿತು’. ಎರಡಕ್ಕೂ ಎರಡು ಬೇರೆ ವ್ಯವಸ್ಥೆ. ಇಂಗ್ಲಿಷ್ ಎರಡೂ ಹೊರೆಯನ್ನು ಒಂದೇ ತಲೆಯ ಮೇಲೆ ಹೊರಿಸಿತು. ಹುಲಿಯನ್ನು ಮುಂದೆ ತರಬೇಕೆಂದರೆ ಅಲ್ಲಿ ವಾಕ್ಯವನ್ನೇ ಮಗುಚಿ ಕರ್ಮಣಿ ಮಾಡಬೇಕು. ನಮಗೆ ಆ ಕಷ್ಟ ಇಲ್ಲ. ‘ರಾವಣನು ರಾಮನಿಂದ ಕೊಲ್ಲಲ್ಪಟ್ಟನು’ ಎಂಬ ವಾಕ್ಯವನ್ನು ಪರೀಕ್ಷೆಯ ಹಾಲಿನ ಹೊರಗೆ ಯಾರಾದರೂ ಆಡಿದ್ದನ್ನು ಕೇಳಿದ್ದೀರಾ?

ಈ ವಾದವನ್ನು ಎಲ್ಲರೂ ಒಪ್ಪಿಲ್ಲ. ಕ್ರಿಯಾಪದ ಯಾವುದಕ್ಕೆ ಹೊಂದಿಕೊಳ್ಳುತ್ತದೋ ಅದೇ ಕರ್ತೃ ಎಂದು ಕೆಲವರು ಹೇಳುತ್ತಾರೆ. ‘ತನ್ನ’ ಎಂಬ ಪದ ಯಾರ ಕಡೆ ಬೊಟ್ಟು ಮಾಡುತ್ತದೋ ಅವನೇ ಕರ್ತೃ ಎಂದು ಇನ್ನು ಕೆಲವರು. ಸರಿ, ‘ಅವನಿಗೆ ತನ್ನ ಹೆಂಡತಿ ನೆನಪಾದಳು’ ಎಂಬ ವಾಕ್ಯ ತೆಗೆದುಕೊಳ್ಳಿ. ‘ನೆನಪಾದಳು’ ಹೆಂಡತಿಗೆ ಹೊಂದಿಕೊಂಡಿದೆ. ‘ತನ್ನ’ ಗಂಡನ ಕಡೆ ನೋಡುತ್ತಿದೆ. ಕರ್ತೃ ಯಾರು? ಪಾಣಿನಿಯ ವ್ಯಾಕರಣದಲ್ಲಿ ಇಂಗ್ಲಿಷಿನ ಸಬ್ಜೆಕ್ಟ್‌ಗೆ ಸರಿಸಮನಾದ ಹೆಸರು ಇಲ್ಲ ಎನ್ನುವುದನ್ನೂ ನೆನಪಿಡಿ. ಅಲ್ಲಿನ ‘ಕರ್ತೃ’ ಕೆಲಸ ಮಾಡುವವನು, ವಾಕ್ಯದ ಒಂದು ಸ್ಥಾನ ಅಲ್ಲ. ನಾವು ಹಳೆಯ ಪದ ಇಟ್ಟುಕೊಂಡು ಒಳಗೆ ಇಂಗ್ಲಿಷಿನ ಅರ್ಥ ತುಂಬಿದ್ದೇವೆ.

1999ರ ಪುಸ್ತಕ ಕಾಲ, ಸ್ಥಿತಿ, ಭಾವಗಳ ಬಗ್ಗೆ. ಸಂಕ್ಷೇಪವಾಗಿ ಹೇಳುತ್ತೇನೆ, ಇದು ಇದ್ದುದರಲ್ಲಿ ಒಣ ಪುಸ್ತಕ. ಪ್ರತಿ ಭಾಷೆಯೂ ಕ್ರಿಯಾಪದದಲ್ಲಿ ಮೂರರಲ್ಲಿ ಒಂದಕ್ಕೆ ಜಾಸ್ತಿ ಮಹತ್ವ ಕೊಡುತ್ತದೆ ಎನ್ನುವುದು ವಾದ. ಯಾವಾಗ ನಡೆಯಿತು ಎನ್ನುವುದು ಕಾಲ. ಮುಗಿಯಿತೋ ನಡೆಯುತ್ತಿದೆಯೋ ಎನ್ನುವುದು ಸ್ಥಿತಿ. ನಿಜವಾಗಿ ನಡೆದದ್ದೋ ಬರೀ ಸಾಧ್ಯತೆಯೋ ಎನ್ನುವುದು ಭಾವ. ಕನ್ನಡಕ್ಕೆ ಕಾಲ ದೊಡ್ಡದು. ‘ತಿಂದ ಹಣ್ಣು’, ‘ತಿನ್ನುವ ಹಣ್ಣು’ ಎಂದು ಗುಣವಾಚಕದ ಕೆಲಸಕ್ಕೆ ಹೋದಾಗಲೂ ನಮ್ಮ ಕ್ರಿಯಾಪದ ಕಾಲವನ್ನು ಬಿಡುವುದಿಲ್ಲ. ಚೀನೀ ಭಾಷೆಯ ‘ಲ’ ಎಂಬ ಪ್ರತ್ಯಯ ಮುಗಿದದ್ದನ್ನು ಹೇಳುತ್ತದೆ, ಹಿಂದಿನದನ್ನಲ್ಲ. ‘ನಾಳೆ ಊಟ ಮುಗಿಸಿ ಹೊರಡುತ್ತೇನೆ’ ಎನ್ನುವಲ್ಲೂ ಅದು ಬರುತ್ತದೆ. ಬರ್ಮೀ ಭಾಷೆಯಲ್ಲಿ ನಿಜದ ಸಂಗತಿಗೆ ಒಂದು ಪ್ರತ್ಯಯ, ಇನ್ನೂ ಆಗದ್ದಕ್ಕೆ ಇನ್ನೊಂದು. ಹೋದನೋ ಹೋಗುತ್ತಾನೋ ಎನ್ನುವುದನ್ನು ಸಂದರ್ಭ ನೋಡಿ ತಿಳಿಯಬೇಕು. ಹಾಗೆಂದು ಕನ್ನಡದಲ್ಲಿ ಭಾವ ಇಲ್ಲವೆಂದಲ್ಲ. ಮರ ಹತ್ತಿದ ಹುಡುಗನಿಗೆ ‘ಬಿದ್ದೀಯಾ, ಜೋಕೆ!’ ಎಂದು ಕೂಗುತ್ತೇವಲ್ಲ, ಆ ‘ಬಿದ್ದೀಯಾ’ ಅಪ್ಪಟ ಭಾವದ ರೂಪ.

ಇಲ್ಲಿನ ಸ್ವಾರಸ್ಯ ಎರಡು ಪುಸ್ತಕಗಳು ಕೈಜೋಡಿಸುವುದರಲ್ಲಿದೆ. ಕಾಲಕ್ಕೆ ಮಹತ್ವ ಕೊಡುವ ಭಾಷೆಗಳು ಗುಣವಾಚಕವನ್ನು ಬೇರೆ ವರ್ಗವಾಗಿ ಇಟ್ಟುಕೊಳ್ಳುತ್ತವೆ, ಇಲ್ಲವೇ ಹೆಸರಿನ ಜೊತೆ ಸೇರಿಸುತ್ತವೆ, ಕ್ರಿಯಾಪದದ ಜೊತೆ ಸೇರಿಸುವುದಿಲ್ಲ ಎನ್ನುತ್ತಾರೆ ಭಟ್ಟರು. ಇದು ಒಲವು, ಕಾನೂನಲ್ಲ. ಜಪಾನಿಯನ್ನು ತಂದು ಯಾರಾದರೂ ತಕರಾರು ತೆಗೆಯಬಹುದು. ಅಲ್ಲಿ ‘ತಕಾಯ್’ ಎಂದರೆ ಎತ್ತರವಾಗಿದೆ, ‘ತಕಾಕತ್ತ’ ಎಂದರೆ ಎತ್ತರವಾಗಿತ್ತು. ಗುಣಪದಕ್ಕೇ ಕಾಲ ಹಚ್ಚುತ್ತಾರೆ. ಒಂದು ಭಾಷೆಯನ್ನು ಯಾವ ಗುಂಪಿಗೆ ಹಾಕುವುದು ಎಂಬುದರಲ್ಲೇ ಈ ಪುಸ್ತಕ ಸ್ವಲ್ಪ ಧಾರಾಳ ಎಂದು ನನಗೂ ಅನ್ನಿಸಿದೆ.

ಮಹಾಪ್ರಾಣದ ಜಗಳಕ್ಕೆ ಬರೋಣ. ಭಟ್ಟರು ಆಮೇಲೆ ತಮ್ಮ ಹೆಸರನ್ನೇ ‘ಬಟ್’ ಎಂದು ಬರೆದುಕೊಂಡರು. ಆ ಬರವಣಿಗೆ ಸುಧಾರಣೆ ನನಗೆ ಪೂರ್ತಿ ಒಪ್ಪಿಗೆಯಿಲ್ಲ. ಈ ಉತ್ತರವನ್ನು ಹಳೆಯ ರೀತಿಯಲ್ಲೇ ಬರೆದಿದ್ದೇನೆ, ನೋಡಿದ್ದೀರಿ. ಬರವಣಿಗೆ ಒಂದು ಸಮಾಜದ ಒಪ್ಪಂದ, ಅದನ್ನು ಉಚ್ಚಾರಣೆ ಒಂದೇ ನಿರ್ಧರಿಸುವುದಿಲ್ಲ. ಆದರೆ ‘ಕನ್ನಡಕ್ಕೆ ಬೇಕು ಕನ್ನಡದ್ದೇ ವ್ಯಾಕರಣ’ ಎಂದು ಅವರು ಪುಸ್ತಕ ಬರೆದದ್ದಿದೆಯಲ್ಲ, ಅದು ಬೇರೆ ಮಾತು. ಅದನ್ನು ಬರವಣಿಗೆಯ ಜಗಳದ ಜೊತೆ ಕಟ್ಟಿ ಮೂಲೆಗೆಸೆಯುವುದು ಅನ್ಯಾಯ. ಪಂಚಮಿ ವಿಭಕ್ತಿಗೆ ‘ದೆಸೆಯಿಂದ’ ಎಂದು ನೀವೂ ಪಾಠ ಮಾಡಿದ್ದೀರಿ. ‘ಮರದ ದೆಸೆಯಿಂದ ಹಣ್ಣು ಬಿತ್ತು’ ಎನ್ನುವ ಒಬ್ಬ ಮನುಷ್ಯನನ್ನು ತೋರಿಸಿ. ‘ಮರದಿಂದ ಬಿತ್ತು’ ಎನ್ನುತ್ತೇವೆ, ಅದು ತೃತೀಯೆಯ ‘ಇಂದ’. ಸಂಸ್ಕೃತದಲ್ಲಿ ಐದನೆಯ ವಿಭಕ್ತಿ ಇದೆ, ಹಾಗಾಗಿ ಕನ್ನಡಕ್ಕೂ ಒಂದು ಹುಡುಕಿ ತಂದರು. ಇಗ್ಬೊ, ಮಣಿಪುರಿಗಳಿಗೆ ಇಂಗ್ಲಿಷಿನ ಅಚ್ಚು ಒತ್ತಬೇಡಿ ಎಂದು ಹೊರಗಿನ ವಿದ್ವಾಂಸರಿಗೆ ಹೇಳಿದವರೇ ಕನ್ನಡಕ್ಕೆ ಸಂಸ್ಕೃತದ ಅಚ್ಚು ಒತ್ತಬೇಡಿ ಎಂದು ನಮಗೆ ಹೇಳಿದರು. ಅಲ್ಲಿ ಚಪ್ಪಾಳೆ ಬಂತು, ಇಲ್ಲಿ ಬೈಗುಳವೂ ಬಂತು.

ಎಲ್ಲಿಂದ ಶುರು ಮಾಡಬೇಕು ಎಂದು ಕೇಳಿದ್ದೀರಿ. ಇಂಗ್ಲಿಷ್ ಪುಸ್ತಕಗಳ ಬೆಲೆ ನಮ್ಮಂಥವರ ಕೈಗೆ ಎಟಕುವುದಲ್ಲ. ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿ ಕೇಳಿ ನೋಡಿ. ಸಿಕ್ಕರೆ ‘ಪ್ರೊನೌನ್ಸ್’ ಮೊದಲು ಓದಿ. ಅದರ ಉದಾಹರಣೆಗಳಲ್ಲಿ ಕನ್ನಡವೂ ಬರುವುದರಿಂದ ಅರ್ಧ ಭಾರ ಇಳಿಯುತ್ತದೆ. ಗುಣವಾಚಕದ ಪುಸ್ತಕ ಆಮೇಲೆ. 1991ರದ್ದನ್ನು ಕೊನೆಗೆ ಇಟ್ಟುಕೊಳ್ಳಿ. ಅದರಲ್ಲಿ ಆ ಕಾಲದ ಬೇರೆ ಸಿದ್ಧಾಂತಗಳ ಜೊತೆ ಜಗಳ ಜಾಸ್ತಿ ಇದೆ, ಹಿನ್ನೆಲೆ ಗೊತ್ತಿಲ್ಲದಿದ್ದರೆ ಬೇಸರ ಬರಬಹುದು.

ಇಷ್ಟಕ್ಕೂ ಮುಂಚೆ ಇವತ್ತು ಸಂಜೆಯೇ ಒಂದು ಕೆಲಸ ಮಾಡಬಹುದು. ವಾಲ್ಸ್ ಅಟ್ಲಾಸ್ ಇಂಟರ್ನೆಟ್ಟಿನಲ್ಲಿ ಪುಕ್ಕಟೆ ಸಿಗುತ್ತದೆ. 43ನೇ ಅಧ್ಯಾಯ ಕೆಲವೇ ಪುಟ. ಜೊತೆಗೆ ಬಣ್ಣ ಬಣ್ಣದ ಚುಕ್ಕೆಗಳ ಭೂಪಟ ಇದೆ. ಅದರಲ್ಲಿ ಆರು ಗುಂಪುಗಳಿವೆ. ಭೂಪಟ ತೆರೆಯುವ ಮೊದಲು ‘ಅವನು’, ‘ಇವನು’, ‘ಆ’, ‘ಈ’ ನಾಲ್ಕನ್ನೂ ಒಂದು ಚೀಟಿಯ ಮೇಲೆ ಬರೆದುಕೊಂಡು, ಕನ್ನಡ ಯಾವ ಗುಂಪಿಗೆ ಸೇರಬೇಕು ಎಂದು ನಿಮ್ಮ ಮಕ್ಕಳಿಂದಲೇ ಹೇಳಿಸಿ.